ಹೈ ಸೆಕೆಂಡ್ ಕ್ಲಾಸ್

‘ಹೈ ಸೆಕೆಂಡ್ ಕ್ಲಾಸ್’ ಎಂಬ ಮಾತು ಒಂದು ಕಾಲಕ್ಕೆ ನಮ್ಮ ವಿಶ್ವವಿದ್ಯಾನಿಲಯಗಳ ನೇಮಕಾತಿ ಪ್ರಕಟಣೆಗಳಲ್ಲಿ ಮತ್ತೆ ಮತ್ತೆ ಕಾಣಿಸಿಕೊಳ್ಳುತ್ತಿತ್ತು. ಅಧ್ಯಾಪಕರಾಗಬಯಸುವವರು ಎಂ.ಎ. ಪರೀಕ್ಷೆಯಲ್ಲಿ ಪ್ರಥಮ ದರ್ಜೆಯನ್ನು, ಇಲ್ಲವೆ ಹೈ ಸೆಕೆಂಡ್ ಕ್ಲಾಸನ್ನು ಪಡೆದಿರಬೇಕು ಎಂಬುದು ಅದರ ಒಕ್ಕಣೆ. ಕನ್ನಡದಲ್ಲಿ ಹೇಳುವುದಾದರೆ ಉನ್ನತ ದ್ವಿತೀಯ ದರ್ಜೆ. ಪ್ರಥಮ ದರ್ಜೆ ಎಂದರೇನೆಂಬುದು ಎಲ್ಲರಿಗೂ ಗೊತ್ತು, ದ್ವಿತೀಯ ದರ್ಜೆಯೂ ಗೊತ್ತು. ಆದರೆ ಈ ‘ಉನ್ನತ’ ಎಂಬುದು ಎಲ್ಲಿಂದ ಆರಂಭವಾಗುತ್ತದೆ? ಐವತ್ತೆರಡು ಅಂಕ ಉನ್ನತವೋ, ಐವತ್ತಾರು ಉನ್ನತವೋ? ಪ್ರಕಟಣೆಯನ್ನು ಬರೆದವರು ಇದನ್ನು ಹೇಳುವ ಗೋಜಿಗೆ ಹೋಗಲಿಲ್ಲ. ವಿಶೇಷಣಗಳನ್ನು ಬಳಸುವಾಗ ಎಚ್ಚರವಿರಲಿ ಎಂದು ಸಾಹಿತ್ಯದ ವಿದ್ಯಾರ್ಥಿಗಳಿಗೆ ನಾವು ಹೇಳುವುದುಂಟು. ಈ ಒಂದು ವಿಶೇಷಣ ದೇಶದ ಸರ್ವೋಚ್ಚ ನ್ಯಾಯಾಲಯದ ಮೆಟ್ಟಿಲನ್ನೇ ಹತ್ತಿತು. ಹಾಗೆ ಹತ್ತಿದ ಎರಡು ಸಂದರ್ಭಗಳು ನನ್ನ ಮುಂದಿವೆ. ಎರಡೂ ಇಂಗ್ಲಿಷ್ ಸಾಹಿತ್ಯದ ಅಧ್ಯಾಪಕರ ಹುದ್ದೆಗೆ ಸಂಬಂಧಿಸಿದವು. ಮೊದಲನೆಯದು ನಮ್ಮ ಮೈಸೂರು ವಿಶ್ವವಿದ್ಯಾನಿಲಯದ್ದೇ.

ನಾನು ಕಾನೂನು ಬಲ್ಲವನಲ್ಲ. ತೀರ್ಪುಗಳನ್ನು ವಕೀಲರು ಓದುವ ರೀತಿಯೇ ಬೇರೆ. ತಮ್ಮ ಕಕ್ಷಿಗಾರನಿಗೆ ಒದಗುವ ಎರಡು ವಾಕ್ಯಗಳನ್ನು ಹೆಕ್ಕಿಕೊಂಡು ಉಳಿದುದನ್ನು ಬಿಟ್ಟುಬಿಡುತ್ತಾರೆ. ನನಗೆ ರುಚಿಸುವುದು ಅವರು ಬಿಟ್ಟ ಭಾಗ. ಯಾವ ಊರು, ಯಾವ ಕಾಲೇಜು, ಎಷ್ಟು ಸಂಬಳದ ಹುದ್ದೆ, ಯಾರು ಏತಕ್ಕಾಗಿ ನೊಂದರು ಎಂಬ ಸಂಗತಿಗಳೆಲ್ಲ ಅಲ್ಲಿ ಅಚ್ಚುಕಟ್ಟಾಗಿ ದಾಖಲಾಗಿರುತ್ತವೆ. ನಮ್ಮ ವಿದ್ಯಾಸಂಸ್ಥೆಗಳ ಚರಿತ್ರೆಯನ್ನು ಬರೆಯಹೊರಟವರು ಬೆಳ್ಳಿಹಬ್ಬ, ಚಿನ್ನದ ಹಬ್ಬಗಳ ಸ್ಮರಣ ಸಂಚಿಕೆಗಳನ್ನು ನೆಚ್ಚುತ್ತಾರೆ. ಅವುಗಳಲ್ಲಿ ಜಗಳಗಳಿರುವುದಿಲ್ಲ. ಜಗಳಗಳಿರುವುದು ಕಾನೂನು ವರದಿಗಳ ದಪ್ಪ ಸಂಪುಟಗಳಲ್ಲಿ. ಪಾಠ ಹೇಳಲು ಯಾರು ಅರ್ಹರು, ಅದನ್ನು ತೀರ್ಮಾನಿಸಬೇಕಾದವರು ಯಾರು ಎಂಬ ಪ್ರಶ್ನೆ ನಮ್ಮಲ್ಲಿ ನಡೆದುಬಂದ ದಾರಿಯನ್ನು ಆ ಸಂಪುಟಗಳ ಆಧಾರದಿಂದ ಇಂದು ನಿಮ್ಮ ಮುಂದಿಡಬೇಕೆಂದಿದ್ದೇನೆ.

ಹಿಂದೆ ಈ ಪ್ರಶ್ನೆ ಇರಲಿಲ್ಲವೆಂದಲ್ಲ. ಮುಂಬಯಿ ಪ್ರಾಂತಕ್ಕೆ ಸೇರಿದ್ದ ಧಾರವಾಡದ ಸೀಮೆಯಲ್ಲಿ ಮುಲ್ಕಿ ಪರೀಕ್ಷೆ ಪಾಸಾದವನು ಕನ್ನಡ ಶಾಲೆಯ ಮಾಸ್ತರನಾಗಬಹುದಾಗಿತ್ತು. ಮೈಸೂರಿನ ಕಡೆ ನಾರ್ಮಲ್ ಸ್ಕೂಲಿನ ತರಬೇತಿಯಿತ್ತು. ಕೆಲಸ ಸಿಗದವನು ಸಾಹೇಬರಿಗೊಂದು ಮನವಿ ಬರೆದುಕೊಳ್ಳಬಹುದಾಗಿತ್ತು, ಅಷ್ಟೆ. ಮೈಸೂರು ಸಂಸ್ಥಾನದಲ್ಲಿ ಸರ್ಕಾರಿ ಹುದ್ದೆಗಳಲ್ಲಿ ಹಿಂದುಳಿದ ಸಮುದಾಯಗಳಿಗೆ ಪಾಲಿಲ್ಲವೆಂಬ ಕೂಗೆದ್ದಾಗ ನಾಲ್ವಡಿ ಕೃಷ್ಣರಾಜ ಒಡೆಯರು 1918ರಲ್ಲಿ ಸರ್ ಲೆಸ್ಲಿ ಮಿಲ್ಲರ್ ಅವರ ಅಧ್ಯಕ್ಷತೆಯಲ್ಲಿ ಒಂದು ಸಮಿತಿಯನ್ನು ನೇಮಿಸಿದರು. ದಕ್ಷತೆಗೆ ಧಕ್ಕೆಯಾದೀತೆಂಬ ಅಳುಕು ದಿವಾನ್ ವಿಶ್ವೇಶ್ವರಯ್ಯನವರದು. ಕಡೆಗೆ ಅವರು ದಿವಾನಗಿರಿಯನ್ನೇ ಬಿಟ್ಟರು. ಅರ್ಹತೆ ಎಂದರೇನು ಎಂಬ ಬಹು ದೊಡ್ಡ ವಾಗ್ವಾದವೊಂದು ಹೀಗೆ ಅರಮನೆಗೂ ದಿವಾನರ ಕಚೇರಿಗೂ ನಡುವೆ ನಡೆದುಹೋಯಿತು. ನ್ಯಾಯಾಲಯಕ್ಕೆ ಅದರಲ್ಲಿ ಕೆಲಸವಿರಲಿಲ್ಲ.

1950ರ ಜನವರಿ 26ರಂದು ಸಂವಿಧಾನ ಜಾರಿಗೆ ಬಂದಾಗ ಈ ಸ್ಥಿತಿ ಬದಲಾಯಿತು. ಸರ್ಕಾರಿ ಉದ್ಯೋಗದಲ್ಲಿ ಎಲ್ಲರಿಗೂ ಸಮಾನ ಅವಕಾಶವೆಂದು 16ನೆಯ ವಿಧಿ ಸಾರಿತು. 226ನೆಯ ವಿಧಿ ಉಚ್ಚ ನ್ಯಾಯಾಲಯಗಳಿಗೆ ರಿಟ್ ಹೊರಡಿಸುವ ಅಧಿಕಾರ ಕೊಟ್ಟಿತು. ಸಂದರ್ಶನದಲ್ಲಿ ತಿರಸ್ಕೃತನಾದ ಒಬ್ಬ ಅಧ್ಯಾಪಕ ತನ್ನನ್ನು ತಿರಸ್ಕರಿಸಿದ ವಿಶ್ವವಿದ್ಯಾನಿಲಯವನ್ನು ಕಟಕಟೆಗೆ ಕರೆಯಬಹುದು ಎಂಬುದು ಅಂದಿನವರಿಗೆ ಎಷ್ಟು ಹೊಸತಾಗಿ ತೋರಿರಬೇಕು, ಊಹಿಸಿ. ಗುರುಹಿರಿಯರ ತೀರ್ಮಾನವನ್ನು ಪ್ರಶ್ನಿಸುವುದೇ ಉದ್ಧಟತನವೆಂದು ತಿಳಿದಿದ್ದ ಸಮಾಜ ನಮ್ಮದು.

1960ರ ಆಸುಪಾಸಿನ ಮಾತು. ಬೆಂಗಳೂರಿನ ಸೆಂಟ್ರಲ್ ಕಾಲೇಜು ಆಗಿನ್ನೂ ಮೈಸೂರು ವಿಶ್ವವಿದ್ಯಾನಿಲಯಕ್ಕೆ ಸೇರಿತ್ತು. ಬೆಂಗಳೂರು ವಿಶ್ವವಿದ್ಯಾನಿಲಯ ಹುಟ್ಟಿದ್ದು 1964ರಲ್ಲಿ. ಮೈಸೂರು ವಿಶ್ವವಿದ್ಯಾನಿಲಯ ಕೆಲವು ಪ್ರಾಧ್ಯಾಪಕರ ಮತ್ತು ಪ್ರವಾಚಕರ ಹುದ್ದೆಗಳಿಗೆ ಅರ್ಜಿ ಕರೆಯಿತು. ಅವುಗಳಲ್ಲಿ ಸೆಂಟ್ರಲ್ ಕಾಲೇಜಿನ ಇಂಗ್ಲಿಷ್ ಸಂಶೋಧನ ಪ್ರವಾಚಕರ ಹುದ್ದೆಯೂ ಒಂದು. ಸಂಬಳ 500 ರೂಪಾಯಿಗಳಿಂದ ಆರಂಭವಾಗಿ, ವರ್ಷಕ್ಕೆ 25ರಂತೆ ಏರಿ, 800ಕ್ಕೆ ನಿಲ್ಲುವ ಶ್ರೇಣಿ. ಅಭ್ಯರ್ಥಿಗೆ ಭಾರತೀಯ ವಿಶ್ವವಿದ್ಯಾನಿಲಯದ ಪ್ರಥಮ ದರ್ಜೆಯ ಅಥವಾ ಉನ್ನತ ದ್ವಿತೀಯ ದರ್ಜೆಯ ಸ್ನಾತಕೋತ್ತರ ಪದವಿ ಇರಬೇಕು, ಇಲ್ಲವೆ ಅದಕ್ಕೆ ಸಮಾನವಾದ ವಿದೇಶೀ ಪದವಿಯಿರಬೇಕು. ಡಾಕ್ಟರೇಟ್ ಮಟ್ಟದ ಸಂಶೋಧನ ಪದವಿ ಅಥವಾ ಉತ್ತಮ ಮಟ್ಟದ ಪ್ರಕಟಿತ ಕೃತಿಗಳಿರಬೇಕು. ಪ್ರವಾಚಕನಾಗುವವನು ಪದವಿ ತರಗತಿಗಳಿಗೆ ಐದು ವರ್ಷವಾದರೂ ಪಾಠ ಹೇಳಿರಬೇಕು, ಸ್ವತಂತ್ರವಾಗಿ ಸಂಶೋಧನೆ ಮಾಡಿರಬೇಕು. ಕನ್ನಡ ಬಲ್ಲವನಾದರೆ ಅಪೇಕ್ಷಣೀಯ. ಅಪೇಕ್ಷಣೀಯವಷ್ಟೆ, ಕಡ್ಡಾಯವಲ್ಲ. ರಾಜ್ಯಗಳ ಪುನರ್ವಿಂಗಡಣೆಯಾದ ಕೆಲವೇ ವರ್ಷಗಳಲ್ಲಿ ಬರೆದ ಪ್ರಕಟಣೆಯಲ್ಲಿ ಈ ಒಂದು ಪದದ ಆಯ್ಕೆ ಕುತೂಹಲಕರವಾದದ್ದೆಂದು ಮಾತ್ರ ಹೇಳಿ ಮುಂದೆ ಹೋಗುತ್ತೇನೆ.

ತಜ್ಞರಿದ್ದ ನೇಮಕ ಮಂಡಳಿ ಅಭ್ಯರ್ಥಿಗಳನ್ನು ಸಂದರ್ಶಿಸಿ ಒಬ್ಬರನ್ನು ಆರಿಸಿತು. ಆಯ್ಕೆಯಾಗದ ಗೋವಿಂದರಾವ್ ಎಂಬುವರು ಮೈಸೂರು ಉಚ್ಚ ನ್ಯಾಯಾಲಯಕ್ಕೆ ಹೋದರು. ಅವರ ಕೋರಿಕೆಗಳು ಎರಡು: ಆಯ್ಕೆಯಾದವರು ಯಾವ ಅಧಿಕಾರದಿಂದ ಆ ಸ್ಥಾನದಲ್ಲಿದ್ದಾರೆಂದು ನ್ಯಾಯಾಲಯ ಕೇಳಬೇಕು, ಆ ಸ್ಥಾನಕ್ಕೆ ತನ್ನನ್ನು ನೇಮಿಸುವಂತೆ ವಿಶ್ವವಿದ್ಯಾನಿಲಯಕ್ಕೆ ಅಪ್ಪಣೆ ಮಾಡಬೇಕು. ಮೊದಲನೆಯ ಕೋರಿಕೆಯ ರಿಟ್ಟಿಗೆ ಕೋ ವಾರಂಟೋ ಎಂದು ಲ್ಯಾಟಿನ್ ಹೆಸರು. ‘ಯಾವ ಅಧಿಕಾರದ ಮೇಲೆ?’ ಎಂಬುದೇ ಅದರ ಅರ್ಥ. ಸಾರ್ವಜನಿಕ ಹುದ್ದೆಯಲ್ಲಿ ಕುಳಿತ ಯಾರನ್ನಾದರೂ ಎಬ್ಬಿಸಿ ನಿಲ್ಲಿಸಿ, ನಿನ್ನನ್ನು ಇಲ್ಲಿ ಕೂರಿಸಿದ ಕಾನೂನು ಯಾವುದು ತೋರಿಸು ಎಂದು ಕೇಳುವ ಅಸ್ತ್ರವದು.

ತಕರಾರಿನ ತಿರುಳು ಅದೇ ವಿಶೇಷಣ. ಆಯ್ಕೆಯಾದವರು ಭಾರತದಲ್ಲಿ ಪಡೆದಿದ್ದ ಎಂ.ಎ. ಅಂಕಗಳು ದ್ವಿತೀಯ ದರ್ಜೆಯ ಕೆಳಗಿನ ಗೆರೆಯನ್ನು ಸ್ವಲ್ಪವೇ ದಾಟಿದ್ದವು. ಅದನ್ನು ‘ಉನ್ನತ’ವೆನ್ನಲು ಯಾರಿಗೂ ಬಾಯಿ ಬರುವಂತಿರಲಿಲ್ಲ. ಆದರೆ ಅವರಲ್ಲಿ ಇಂಗ್ಲೆಂಡಿನ ಡರ್‌ಹ್ಯಾಮ್ ವಿಶ್ವವಿದ್ಯಾನಿಲಯದ ಎಂ.ಎ. ಪದವಿಯೂ ಇತ್ತು. ಆ ಪದವಿ ನಮ್ಮ ಉನ್ನತ ದ್ವಿತೀಯ ದರ್ಜೆಗೆ ಸಮಾನವೋ ಅಲ್ಲವೋ? ಮಂಡಳಿ ಸಮಾನವೆಂದು ತಿಳಿಯಿತು. ಉಚ್ಚ ನ್ಯಾಯಾಲಯಕ್ಕೆ ಅದು ಒಪ್ಪಿಗೆಯಾಗಲಿಲ್ಲ. ಮಂಡಳಿಯ ನಿರ್ಣಯವನ್ನೂ ನೇಮಕವನ್ನೂ ರದ್ದುಪಡಿಸಿತು, ಮಂಡಳಿಯ ವಿಷಯದಲ್ಲಿ ಬಿರುಸಾದ ಮಾತುಗಳನ್ನೂ ಆಡಿತು. ಆದರೆ ಅರ್ಜಿದಾರರನ್ನೇ ನೇಮಿಸಿರೆಂದು ಹೇಳಲು ಒಪ್ಪಲಿಲ್ಲ. ಪ್ರಕರಣ ದೆಹಲಿಗೆ ಹೋಯಿತು.

1963ರ ಆಗಸ್ಟ್ ತಿಂಗಳಿನಲ್ಲಿ ಸರ್ವೋಚ್ಚ ನ್ಯಾಯಾಲಯದ ಪರವಾಗಿ ತೀರ್ಪನ್ನು ಬರೆದವರು ನ್ಯಾಯಮೂರ್ತಿ ಪಿ. ಬಿ. ಗಜೇಂದ್ರಗಡಕರ್. ನಮ್ಮ ಗಜೇಂದ್ರಗಡದ ಹೆಸರನ್ನು ಮನೆತನದ ಹೆಸರಾಗಿ ಹೊತ್ತವರು. ಕಾಲೇಜು ವಿದ್ಯಾಭ್ಯಾಸದ ಮೊದಲ ವರ್ಷಗಳನ್ನು ಧಾರವಾಡದ ಕರ್ನಾಟಕ ಕಾಲೇಜಿನಲ್ಲಿ ಕಳೆದವರು. ಮುಂದೆ ದೇಶದ ಮುಖ್ಯ ನ್ಯಾಯಾಧೀಶರಾಗಿ, ನಿವೃತ್ತರಾದ ಬಳಿಕ ಮುಂಬಯಿ ವಿಶ್ವವಿದ್ಯಾನಿಲಯದ ಉಪಕುಲಪತಿಗಳೂ ಆದರು. ಆಯ್ಕೆ ಸಮಿತಿಗಳ ಸುಖದುಃಖಗಳನ್ನು ಅವರು ಆಮೇಲೆ ಸ್ವತಃ ಕಂಡಿರಬೇಕು. ಈ ತೀರ್ಪಿನಲ್ಲಿ ಅವರು ಹೇಳಿದ್ದು ಮುಖ್ಯವಾಗಿ ಎರಡು ಮಾತು. ಕೋ ವಾರಂಟೋ ಬೇಡುವವನು ನೇಮಕವು ಶಾಸನಬದ್ಧ ನಿಯಮಕ್ಕೆ ವಿರುದ್ಧವೆಂದು ತೋರಿಸಬೇಕು. ಪ್ರಕಟಣೆಯಲ್ಲಿ ಹೇಳಿದ ಅರ್ಹತೆಗಳಿಗೆ ಅಂಥ ನಿಯಮದ ಬಲವಿತ್ತೇ ಎಂಬುದನ್ನು ಉಚ್ಚ ನ್ಯಾಯಾಲಯ ವಿಚಾರಿಸಲೇ ಇಲ್ಲ. ಎರಡನೆಯದು ಹೆಚ್ಚು ದೂರ ಹೋದ ಮಾತು: ಒಂದು ವಿದೇಶೀ ಪದವಿ ನಮ್ಮ ಯಾವ ದರ್ಜೆಗೆ ಸಾಟಿ ಎಂಬಂಥ ವಿದ್ವತ್ತಿನ ಪ್ರಶ್ನೆಗಳನ್ನು ಆ ವಿದ್ಯೆಯನ್ನು ಬಲ್ಲ ತಜ್ಞರಿಗೆ ಬಿಡುವುದು ವಿವೇಕ, ಅವರ ಮೇಲೆ ದುರುದ್ದೇಶದ ಆರೋಪವಿಲ್ಲದಿರುವಾಗ ನ್ಯಾಯಾಲಯಗಳು ಕೈಹಾಕಲು ಹಿಂಜರಿಯಬೇಕು. ತಜ್ಞರ ಮಂಡಳಿಯನ್ನು ಸರ್ಕಾರಿ ಅಧಿಕಾರಿಯಂತೆಯೋ ಕೆಳಗಿನ ನ್ಯಾಯಮಂಡಳಿಯಂತೆಯೋ ಭಾವಿಸಿ ಉಚ್ಚ ನ್ಯಾಯಾಲಯ ಟೀಕಿಸಿದ್ದು ಸರಿಯಲ್ಲವೆಂದೂ ಅವರು ಹೇಳಿದರು. ನೇಮಕ ಉಳಿಯಿತು.

‘ಮೈಸೂರು ವಿಶ್ವವಿದ್ಯಾನಿಲಯ ವಿರುದ್ಧ ಗೋವಿಂದರಾವ್’ ಎಂಬ ಈ ತೀರ್ಪು ದೇಶದ ಎಲ್ಲ ಉಚ್ಚ ನ್ಯಾಯಾಲಯಗಳಲ್ಲಿಯೂ ಉದ್ಧೃತವಾಗುತ್ತ ಬಂದಿದೆ. ವೈದ್ಯಕೀಯ ಕಾಲೇಜಿನ ಪ್ರಾಧ್ಯಾಪಕರಿರಲಿ, ಉಪಕುಲಪತಿಗಳಿರಲಿ, ನೇಮಕವನ್ನು ಯಾರಾದರೂ ಪ್ರಶ್ನಿಸಿದರೆ ವಿಶ್ವವಿದ್ಯಾನಿಲಯದ ವಕೀಲರು ಮೊದಲು ತೆಗೆಯುವ ಅಸ್ತ್ರವೇ ಇದು. ಸೆಂಟ್ರಲ್ ಕಾಲೇಜಿನ ಕೆಂಪು ಕಟ್ಟಡದ ಒಂದು ಇಂಗ್ಲಿಷ್ ಹುದ್ದೆ ದೇಶದ ಆಡಳಿತ ನ್ಯಾಯಕ್ಕೆ ಇಷ್ಟು ದೊಡ್ಡ ಕೊಡುಗೆ ಕೊಟ್ಟಿತೆಂಬುದು ಆ ಕಾಲೇಜಿನಲ್ಲಿ ಓದಿದ ಎಷ್ಟೋ ಜನರಿಗೆ ತಿಳಿದಿಲ್ಲ.

ಡರ್‌ಹ್ಯಾಮಿನ ಮಟ್ಟಿಗೆ ತೀರ್ಪು ಸರಿಯೆಂದೇ ನನ್ನ ಅಭಿಪ್ರಾಯ. ಪರದೇಶದ ಪದವಿಯೊಂದರ ತೂಕವನ್ನು ನ್ಯಾಯಾಧೀಶರು ಅಳೆಯಹೋಗುವುದಕ್ಕಿಂತ ಇಂಗ್ಲಿಷ್ ಬಲ್ಲವರು ಅಳೆಯುವುದೇ ಮೇಲು. ನಾನೂ ಒಂದೆರಡು ಆಯ್ಕೆ ಸಮಿತಿಗಳಲ್ಲಿ ಕುಳಿತಿದ್ದೇನೆ. ಅಭ್ಯರ್ಥಿ ಎದ್ದು ಹೋದ ಮೇಲೆ ಹಿರಿಯರೊಬ್ಬರು ಕನ್ನಡಕ ತೆಗೆದು ಒರೆಸಿಕೊಳ್ಳುತ್ತ, ‘ಈತ ಓದಿಕೊಂಡಿದ್ದಾನೆ’ ಎಂದುಬಿಡುತ್ತಾರೆ. ಆ ಮಾತಿನಲ್ಲಿ ನಲವತ್ತು ವರ್ಷದ ಅನುಭವವಿರುತ್ತದೆ. ಅದನ್ನು ಯಾವ ಕೋಷ್ಟಕದಲ್ಲಿ ತುಂಬುವುದು? ಆದರೆ ಅದೇ ಕೋಣೆಯಲ್ಲಿ ಇನ್ನೊಂದನ್ನೂ ಕಂಡಿದ್ದೇನೆ. ತಜ್ಞರಿಗೂ ಶಿಷ್ಯರಿರುತ್ತಾರೆ, ಶಿಷ್ಯರ ಶಿಷ್ಯರಿರುತ್ತಾರೆ. ‘ಓದಿಕೊಂಡಿದ್ದಾನೆ’ ಎಂಬ ಮಾತು ಯಾವಾಗ ವಿದ್ವತ್ತಿನ ತೀರ್ಮಾನ, ಯಾವಾಗ ವಾತ್ಸಲ್ಯ ಎಂಬುದನ್ನು ಹೊರಗೆ ಬೆಂಚಿನ ಮೇಲೆ ಕುಳಿತವನು ತಿಳಿಯುವುದು ಹೇಗೆ? ದುರುದ್ದೇಶವನ್ನು ರುಜುವಾತುಪಡಿಸಬೇಕೆಂಬ ನಿಯಮ ಕೇಳಲು ನ್ಯಾಯವಾಗಿದೆ. ಆದರೆ ಮುಚ್ಚಿದ ಬಾಗಿಲಿನ ಹಿಂದಿನ ಉದ್ದೇಶಕ್ಕೆ ಸಾಕ್ಷಿ ಹೇಳುವವರಾರು?

ಇಷ್ಟಾದರೂ ‘ಉನ್ನತ’ ಎಂಬುದಕ್ಕೆ ಒಂದು ಅಂಕೆಯನ್ನು ಕಟ್ಟದೆಯೇ 1963ರ ತೀರ್ಪು ಮುಗಿದಿತ್ತು. ಹದಿನೇಳು ವರ್ಷಗಳ ಮೇಲೆ, 1980ರಲ್ಲಿ, ಅದೇ ವಿಶೇಷಣ ಅಲಹಾಬಾದ್ ವಿಶ್ವವಿದ್ಯಾನಿಲಯದಿಂದ ಮತ್ತೆ ಸರ್ವೋಚ್ಚ ನ್ಯಾಯಾಲಯಕ್ಕೆ ಬಂತು. ಮತ್ತೆ ಇಂಗ್ಲಿಷ್ ಪ್ರವಾಚಕರ ಹುದ್ದೆಗಳೇ. ಈ ಸಲ ತೀರ್ಪು ಬರೆದವರು ನ್ಯಾಯಮೂರ್ತಿ ವಿ. ಆರ್. ಕೃಷ್ಣ ಅಯ್ಯರ್. ಇಂಗ್ಲಿಷ್ ನಿಘಂಟನ್ನೇ ಮೈಮೇಲೆ ಹೊದ್ದುಕೊಂಡಂತೆ ಬರೆಯುತ್ತಿದ್ದವರು. ಇಂಗ್ಲಿಷ್ ಅಧ್ಯಾಪಕರ ವ್ಯಾಜ್ಯ ಅವರ ಮುಂದೆ ಬಂದದ್ದು ಉಚಿತವೇ ಆಯಿತು. ವಿದ್ವತ್ಸಂಸ್ಥೆಗಳ ತೀರ್ಮಾನಗಳನ್ನು ಕದಲಿಸಲು ನ್ಯಾಯಾಲಯಗಳು ಹಿಂಜರಿಯಬೇಕೆಂಬುದನ್ನು ಅವರೂ ಒಪ್ಪಿದರು. ಆದರೆ ಅದು ವಿವೇಕದ ನಿಯಮವೇ ಹೊರತು ನಿಷೇಧವಲ್ಲ, ವಿಶ್ವವಿದ್ಯಾನಿಲಯವೂ ಕಾನೂನಿಗೆ ಅಧೀನವೇ ಎಂದು ಸೇರಿಸಿದರು. ಇನ್ನು ‘ಉನ್ನತ’ದ ಅರ್ಥ: ದ್ವಿತೀಯ ದರ್ಜೆ 48ರಿಂದ ಆರಂಭವಾಗಿ 60ಕ್ಕೆ ಮುಗಿಯುವುದಾದರೆ, ಅದರ ನಡುಗೆರೆ 54. ಆ ನಡುಗೆರೆಯ ಮೇಲಿರುವುದು ಉನ್ನತ, ಕೆಳಗಿರುವುದು ಅಲ್ಲ. ಇಷ್ಟು ಸರಳ. ಶಾಲೆಯ ಹುಡುಗ ಮಾಡಬಹುದಾದ ಈ ಲೆಕ್ಕಕ್ಕಾಗಿ ಪಂಡಿತರು ಇಷ್ಟು ವರ್ಷ ಬಡಿದಾಡಿದ್ದರು.

ಎರಡು ತೀರ್ಪುಗಳ ನಡುವಿನ ಅಂತರವನ್ನು ಕನ್ನಡದ ಎರಡು ಪದಗಳು ಚೆನ್ನಾಗಿ ಹಿಡಿಯುತ್ತವೆ: ಅರ್ಹತೆ ಮತ್ತು ಯೋಗ್ಯತೆ. ಆಡುಮಾತಿನಲ್ಲಿ ಎರಡನ್ನೂ ಒಂದೇ ಅರ್ಥದಲ್ಲಿ ಬಳಸಿಬಿಡುತ್ತೇವೆ. ಆದರೆ ಅರ್ಹತೆ ಹೊಸಿಲು, ಯೋಗ್ಯತೆ ಒಳಗಿನ ಮನೆ. ಯೋಗ್ಯತೆಯನ್ನು ತೂಗುವುದು ತಜ್ಞರ ಕೆಲಸ, ಅಲ್ಲಿ ಅವರೇ ಪ್ರಮಾಣ. ಹೊಸಿಲು ಮಾತ್ರ ಎಲ್ಲರಿಗೂ ಒಂದೇ ಎತ್ತರದಲ್ಲಿರಬೇಕು. ಬಂದವನ ಮುಖ ನೋಡಿ ಅದನ್ನು ಏರಿಸಿ ಇಳಿಸುವ ಹಾಗಿಲ್ಲ. 1963ರಲ್ಲಿ ಎರಡೂ ಒಟ್ಟಾಗಿ ತಜ್ಞರ ಕೈಯಲ್ಲಿದ್ದವು. 1980ರಲ್ಲಿ ಹೊಸಿಲನ್ನು ಅವರ ಕೈಯಿಂದ ತೆಗೆದುಕೊಳ್ಳಲಾಯಿತು. ಇದರಿಂದ ನಷ್ಟವೂ ಇದೆ, ಅದನ್ನು ಮರೆಮಾಚಬಾರದು. ಡಿ.ವಿ.ಜಿ.ಯವರಲ್ಲಿ ಕಾಲೇಜಿನ ಯಾವ ಪದವಿಯೂ ಇರಲಿಲ್ಲ. ಅಂಥವರೊಬ್ಬರು ಅರ್ಜಿ ಹಾಕಿದ್ದರೆ ಈ ಹೊಸಿಲನ್ನು ದಾಟುತ್ತಿರಲಿಲ್ಲ. 1961ರಲ್ಲಿ ಅವರಿಗೆ ಡಿ.ಲಿಟ್. ಗೌರವ ಕೊಟ್ಟ ಮೈಸೂರು ವಿಶ್ವವಿದ್ಯಾನಿಲಯವೇ ಅವರನ್ನು ಪ್ರವಾಚಕರಾಗಿ ನೇಮಿಸಿಕೊಳ್ಳಲಾಗುತ್ತಿರಲಿಲ್ಲ.

ಹಾಗಾದರೆ ಹೊಸಿಲಿನ ವಿಷಯದಲ್ಲಿ ಇಷ್ಟು ಕಟ್ಟುನಿಟ್ಟೇಕೆ? ಈ ಪ್ರಶ್ನೆಗೆ ನನಗೆ ಸಿಕ್ಕ ಅತ್ಯುತ್ತಮ ಉತ್ತರ 1990ರ ಒಂದು ತೀರ್ಪಿನಲ್ಲಿದೆ. ಆಂಧ್ರದ ವಿಜಯನಗರಂ ಜಿಲ್ಲೆಯ ಸಮಾಜ ಕಲ್ಯಾಣ ವಸತಿ ಶಾಲೆಯ ಉಪಾಧ್ಯಾಯರ ಹುದ್ದೆ. ಪ್ರಕಟಣೆ ದ್ವಿತೀಯ ದರ್ಜೆಯ ಪದವಿಯನ್ನು ಕೇಳಿತ್ತು. ಆಯ್ಕೆಯಾದವರದು ತೃತೀಯ ದರ್ಜೆ. ಕೆಲಸಕ್ಕೆ ಸೇರಿಸಿಕೊಳ್ಳದೆ ಹಿಂದಕ್ಕೆ ಕಳಿಸಿದಾಗ ಅವರು ದೂರಿದರು. ಆಯ್ಕೆ ಮಾಡಿದವರಿಗೆ ಇಲ್ಲದ ತಕರಾರು ಬೇರೆಯವರಿಗೇಕೆ ಎಂದು ನಮಗೂ ಅನ್ನಿಸಬಹುದು. ನ್ಯಾಯಾಲಯ ಹೇಳಿದ್ದು ಹೀಗೆ: ಇದು ನೇಮಿಸುವವರಿಗೂ ನೇಮಕಗೊಂಡವರಿಗೂ ನಡುವಣ ವ್ಯವಹಾರ ಮಾತ್ರವಲ್ಲ. ಅದೇ ತೃತೀಯ ದರ್ಜೆಯಿದ್ದ, ಅಥವಾ ಅದಕ್ಕಿಂತ ಚೆನ್ನಾಗಿಯೂ ಇದ್ದ ಎಷ್ಟೋ ಜನ ಪ್ರಕಟಣೆಯನ್ನು ಓದಿ, ತಾವು ಅರ್ಹರಲ್ಲವೆಂದು ತಿಳಿದು, ಅರ್ಜಿಯನ್ನೇ ಹಾಕಿರುವುದಿಲ್ಲ. ಪ್ರಕಟಣೆಗಿಂತ ಕಡಿಮೆ ಅರ್ಹತೆಯವರನ್ನು ನೇಮಿಸಿದರೆ ಮೋಸವಾಗುವುದು ಅವರಿಗೆ.

ಈ ವಾಕ್ಯಗಳನ್ನು ಓದಿದಾಗ ನಾನು ಪುಸ್ತಕ ಮುಚ್ಚಿ ಸ್ವಲ್ಪ ಹೊತ್ತು ಸುಮ್ಮನೆ ಕುಳಿತೆ. ಅರ್ಜಿ ಹಾಕದೆ ಉಳಿದವರು! ಅವರ ಹೆಸರು ಯಾವ ಕಡತದಲ್ಲೂ ಇಲ್ಲ, ಯಾವ ವಕೀಲರೂ ಅವರ ಪರ ನಿಂತಿಲ್ಲ. ತಾಲ್ಲೂಕು ಕೇಂದ್ರದ ವಾಚನಾಲಯದಲ್ಲಿ ನಿಂತು ಪತ್ರಿಕೆಯ ಪ್ರಕಟಣೆಯ ಮೇಲೆ ಬೆರಳೋಡಿಸಿ, ‘ದ್ವಿತೀಯ ದರ್ಜೆ’ ಎಂಬಲ್ಲಿಗೆ ಬಂದಾಗ ಪತ್ರಿಕೆಯನ್ನು ಮಡಿಸಿಟ್ಟು ಹೋದ ಹುಡುಗಿ. ಪೋಸ್ಟಲ್ ಆರ್ಡರಿಗೆ ಕೂಡಿಟ್ಟ ದುಡ್ಡನ್ನು ಮತ್ತೆ ಡಬ್ಬಿಗೆ ಹಾಕಿದ ಹುಡುಗ. ಇಂಥವರನ್ನು ಎಲ್ಲ ಊರುಗಳಲ್ಲಿ ನಾವು ಕಂಡಿದ್ದೇವೆ. ಪ್ರಕಟಣೆಯ ಮಾತನ್ನು ನಂಬಿ ಹಿಂದೆ ಸರಿದವರು ಅವರು. ಮೈಸೂರಿನ ಪ್ರಕರಣದಲ್ಲಿಯೂ, ‘ಉನ್ನತ’ ಎಂಬ ಪದವನ್ನು ತಮಗೆ ತಾವೇ ಕಠಿಣವಾಗಿ ಅರ್ಥಮಾಡಿಕೊಂಡು ಸುಮ್ಮನಾದ ಪ್ರಾಮಾಣಿಕರು ಎಷ್ಟು ಜನರಿದ್ದರೋ! ತಜ್ಞರ ವಿವೇಕದ ಬಗ್ಗೆ ನನಗಿರುವ ಗೌರವವೆಲ್ಲ ಈ ಒಂದು ವಿಚಾರದ ಮುಂದೆ ಹಿಂದಕ್ಕೆ ನಿಲ್ಲುತ್ತದೆ. ಹೊಸಿಲನ್ನು ಸಡಿಲಿಸುವುದಾದರೆ ಅದನ್ನು ಪ್ರಕಟಣೆಯಲ್ಲಿಯೇ ಹೇಳಬೇಕು.

ಮುಂದಿನ ಕಾಲವೆಲ್ಲ ಅಂಕೆಗಳ ಕಾಲ. 1989ರಿಂದ ನೆಟ್ ಎಂಬ ರಾಷ್ಟ್ರೀಯ ಅರ್ಹತಾ ಪರೀಕ್ಷೆ ನಡೆಯತೊಡಗಿತು. 1991ರ ಸೆಪ್ಟೆಂಬರ್ 19ರ ನಿಯಮಾವಳಿಯಲ್ಲಿ ವಿಶ್ವವಿದ್ಯಾನಿಲಯ ಧನಸಹಾಯ ಆಯೋಗ ಅಧ್ಯಾಪಕರಾಗಬಯಸುವವರಿಗೆ ಅದನ್ನು ವಿಧಿಸಿತು. ದೆಹಲಿ ವಿಶ್ವವಿದ್ಯಾನಿಲಯ ಇದನ್ನು ತನ್ನ ಸ್ವಾತಂತ್ರ್ಯದ ಪ್ರಶ್ನೆಯಾಗಿ ನೋಡಿತು. 1994ರಲ್ಲಿ ಸರ್ವೋಚ್ಚ ನ್ಯಾಯಾಲಯ ನಿಯಮಾವಳಿಯನ್ನು ಎತ್ತಿಹಿಡಿದರೂ ವಿಶ್ವವಿದ್ಯಾನಿಲಯಕ್ಕೆ ಒಂದು ಕಿಂಡಿಯನ್ನು ಬಿಟ್ಟಿತು: ಪರೀಕ್ಷೆಯಲ್ಲಿ ತೇರ್ಗಡೆಯಾಗದವರನ್ನು ನೇಮಿಸಿದರೆ ಕಾರಣ ಹೇಳಬೇಕು, ಕಾರಣ ಒಪ್ಪಿಗೆಯಾಗದಿದ್ದರೆ ಆಯೋಗ ಅನುದಾನವನ್ನು ತಡೆಹಿಡಿಯಬಹುದು. ಅನುದಾನವನ್ನು ಕಳೆದುಕೊಂಡು ಸ್ವಾತಂತ್ರ್ಯವನ್ನು ಉಳಿಸಿಕೊಳ್ಳುವ ವಿಶ್ವವಿದ್ಯಾನಿಲಯ ಎಲ್ಲಿದೆ? ‘ಉನ್ನತ ದ್ವಿತೀಯ ದರ್ಜೆ’ಯ ಜಾಗದಲ್ಲಿ ಶೇಕಡಾ 55 ಬಂದು ಕುಳಿತಿತು. ಕರ್ನಾಟಕದಲ್ಲಿ ಕೆ-ಸೆಟ್ ಎಂಬ ರಾಜ್ಯಮಟ್ಟದ ಪರೀಕ್ಷೆಯನ್ನು ಹಲವು ವರ್ಷ ನಡೆಸಿದ್ದು ಮೈಸೂರು ವಿಶ್ವವಿದ್ಯಾನಿಲಯವೇ. ತಜ್ಞರ ಕಿವಿಗೆ ಮನ್ನಣೆ ತಂದುಕೊಟ್ಟ ವಿಶ್ವವಿದ್ಯಾನಿಲಯ ಕಡೆಗೆ ಪ್ರಶ್ನೆಪತ್ರಿಕೆಗಳ ಕಟ್ಟುಗಳನ್ನು ಹಂಚುವ ಕೆಲಸಕ್ಕೆ ನಿಂತಿತು.

ಅಂಕೆ ಬಂದರೆ ವ್ಯಾಜ್ಯ ನಿಲ್ಲುವುದೆಂದು ಯಾರಾದರೂ ಭಾವಿಸಿದ್ದರೆ ಅದು ಆಗಲಿಲ್ಲ. ಎಷ್ಟು ಅಂಕ ಎಂಬ ಪ್ರಶ್ನೆ ಹೋಗಿ, ಯಾವ ದಿನದಂದು ಎಂಬ ಪ್ರಶ್ನೆ ಬಂತು. ಅರ್ಜಿ ಹಾಕಿದ ದಿನ ಇಲ್ಲದ ಪದವಿ ಸಂದರ್ಶನದ ದಿನಕ್ಕೆ ಕೈಗೆ ಬಂದರೆ ಸಾಕೆ? ರಾಜಸ್ಥಾನ ವಿಶ್ವವಿದ್ಯಾನಿಲಯದ 1985ರ ನೇಮಕಗಳ ವಿಷಯದಲ್ಲಿ ಈ ಪ್ರಶ್ನೆ ಎದ್ದಿತು. ಅರ್ಜಿಗೆ ಗೊತ್ತುಮಾಡಿದ ಕೊನೆಯ ದಿನವೇ ಪ್ರಮಾಣವೆಂದು ಸರ್ವೋಚ್ಚ ನ್ಯಾಯಾಲಯ 1993ರಲ್ಲಿ ಹೇಳಿತು. ಆದರೆ ಅಷ್ಟರಲ್ಲಿ ಎಂಟು ವರ್ಷಗಳು ಕಳೆದಿದ್ದವು. ಆಯ್ಕೆಯಾದವರು ಪಾಠ ಹೇಳುತ್ತಲೇ ಇದ್ದರು. ಅವರನ್ನು ಈಗ ಕದಲಿಸುವುದು ಬೇಡವೆಂದು ನ್ಯಾಯಾಲಯ ಬಿಟ್ಟುಬಿಟ್ಟಿತು. ತತ್ತ್ವ ಗೆದ್ದಿತು, ದೂರು ಕೊಟ್ಟವರ ಕೈಗೆ ಏನೂ ಬರಲಿಲ್ಲ. ಇಂಥ ತೀರ್ಪುಗಳನ್ನು ಓದುವಾಗ ನ್ಯಾಯಕ್ಕಿಂತ ಹೆಚ್ಚಾಗಿ ವಯಸ್ಸು ನನ್ನ ಕಣ್ಣಿಗೆ ಕಾಣುತ್ತದೆ. ಮೂವತ್ತರಲ್ಲಿ ವಕಾಲತ್ತಿಗೆ ಸಹಿ ಮಾಡಿದವರು ಮೂವತ್ತೆಂಟರಲ್ಲಿ ತಮ್ಮ ಹೆಸರಿನ ತೀರ್ಪನ್ನು ಓದುತ್ತಾರೆ.

ಇಷ್ಟು ಹೊತ್ತು ಕಾಲೇಜು ಮೇಷ್ಟರುಗಳ ಮಾತಾಯಿತು. ಪ್ರಾಥಮಿಕ ಶಾಲೆಯ ಜಗಳ ಸಂಖ್ಯೆಯಲ್ಲಿ ಇದಕ್ಕಿಂತ ಬಹಳ ದೊಡ್ಡದು, ಅರ್ಥದಲ್ಲಿಯೂ ದೊಡ್ಡದೆಂದು ನನ್ನ ಭಾವನೆ. ಅಲ್ಲಿನ ಪ್ರಶ್ನೆಯೇ ವಿಚಿತ್ರ: ಹೆಚ್ಚು ಓದಿದವನು ಕಡಿಮೆ ಅರ್ಹನಾಗಬಹುದೆ? ನಮ್ಮಲ್ಲಿ ಟಿ.ಸಿ.ಎಚ್. ಎಂದಿದ್ದು ಆಮೇಲೆ ಡಿ.ಇಡಿ. ಆದ ಶಿಕ್ಷಣ ಎಳೆಯ ಮಕ್ಕಳಿಗೆ ಕಲಿಸುವವರದು. ಬಿ.ಇಡಿ. ಪದವೀಧರರದು, ಪ್ರೌಢಶಾಲೆಗೆ ಸಜ್ಜು ಮಾಡುವಂಥದು. ಹೈಸ್ಕೂಲಿನ ಹುದ್ದೆಗಳು ಸಾಲದಾದಾಗ ಬಿ.ಇಡಿ. ಆದವರು ಪ್ರಾಥಮಿಕ ಶಾಲೆಯ ಬಾಗಿಲು ತಟ್ಟಿದರು. ದೊಡ್ಡ ಪರೀಕ್ಷೆ ಪಾಸಾದ ನಮಗೆ ಚಿಕ್ಕ ಹುದ್ದೆ ಏಕಿಲ್ಲ ಎಂಬುದು ಅವರ ವಾದ. ಕೇರಳದ ಪ್ರಕರಣವೊಂದರಲ್ಲಿ 2003ರಲ್ಲಿ ಸರ್ವೋಚ್ಚ ನ್ಯಾಯಾಲಯ ಇದನ್ನು ಒಪ್ಪಲಿಲ್ಲ. ಎರಡು ತರಬೇತಿಗಳ ಗುರಿಯೇ ಬೇರೆ ಎಂದಿತು. ಅಕ್ಷರ ತಿದ್ದಿಸಿದ ಯಾವ ತಾಯಿಗೂ ಇದನ್ನು ವಿವರಿಸಬೇಕಾಗಿಲ್ಲ. ‘ಳ’ಕಾರದ ಬಳುಕನ್ನು ಆರು ವರ್ಷದ ಕೈಗೆ ಹತ್ತಿಸುವುದು ಪ್ರೌಢ ವ್ಯಾಕರಣ ಬಲ್ಲವನಿಗೆ ತಾನಾಗಿ ಬರುವ ವಿದ್ಯೆಯಲ್ಲ.

ಆದರೂ 2018ರ ಜೂನ್ 28ರಂದು ರಾಷ್ಟ್ರೀಯ ಶಿಕ್ಷಕ ಶಿಕ್ಷಣ ಪರಿಷತ್ತು ಒಂದು ಅಧಿಸೂಚನೆ ಹೊರಡಿಸಿ, ಬಿ.ಇಡಿ. ಆದವರೂ ಒಂದರಿಂದ ಐದನೆಯ ತರಗತಿಯವರೆಗೆ ಕಲಿಸಬಹುದು, ನೇಮಕವಾದ ಎರಡು ವರ್ಷದೊಳಗೆ ಆರು ತಿಂಗಳ ಸೇತುಬಂಧ ಶಿಕ್ಷಣ ಮುಗಿಸಿದರೆ ಸಾಕು ಎಂದಿತು. ರಾಜಸ್ಥಾನ ಸರ್ಕಾರ ತನ್ನ ಪ್ರಕಟಣೆಯಲ್ಲಿ ಅವರನ್ನು ಸೇರಿಸಲಿಲ್ಲ. ಎರಡು ಕಡೆಯವರೂ ನ್ಯಾಯಾಲಯಕ್ಕೆ ಹೋದರು. 2023ರ ಆಗಸ್ಟ್ 11ರಂದು ಸರ್ವೋಚ್ಚ ನ್ಯಾಯಾಲಯ ಆ ಅಧಿಸೂಚನೆ ಉಳಿಯದೆಂದು ತೀರ್ಪಿತ್ತಿತು. ಮಗುವಿಗೆ ಶಿಕ್ಷಣದ ಹಕ್ಕಿದೆ ಎಂದರೆ ಶಾಲೆಯ ಹಾಜರಿಪುಸ್ತಕದಲ್ಲಿ ಹೆಸರಿರುವ ಹಕ್ಕು ಮಾತ್ರವಲ್ಲ, ಚೆನ್ನಾಗಿ ಕಲಿಸಲ್ಪಡುವ ಹಕ್ಕು ಎಂಬುದು ಅದರ ಆಧಾರ. ನಾವು ನೋಡಿದ ಹಿಂದಿನ ವ್ಯಾಜ್ಯಗಳೆಲ್ಲ ಅಭ್ಯರ್ಥಿಗೂ ಅಧಿಕಾರಕ್ಕೂ ನಡುವೆ ನಡೆದವು. ಈ ತೀರ್ಪಿನಲ್ಲಿ ಬೆಂಚಿನ ಮೇಲೆ ಕುಳಿತ ಮಗು ಮುಂದೆ ಬಂದು ನಿಂತಿತು. ಆ ದಿನಾಂಕಕ್ಕೆ ಮೊದಲು ನೇಮಕವಾಗಿದ್ದವರಿಗೆ ತೊಂದರೆಯಾಗಬಾರದೆಂದು 2024ರ ಏಪ್ರಿಲ್‌ನಲ್ಲಿ ನ್ಯಾಯಾಲಯವೇ ಸ್ಪಷ್ಟಪಡಿಸಿತು.

ಹಾಗೆ ಹಳಬರನ್ನು ಕಾಪಾಡುವುದು ಎಲ್ಲ ಸಂದರ್ಭಗಳಲ್ಲೂ ಆಗಲಿಲ್ಲ. ಕಡ್ಡಾಯ ಶಿಕ್ಷಣದ ಕಾಯಿದೆ ಜಾರಿಗೆ ಬಂದ 2010ರಲ್ಲಿಯೇ ಪರಿಷತ್ತು ಶಿಕ್ಷಕರ ಅರ್ಹತಾ ಪರೀಕ್ಷೆ, ಎಂದರೆ ಟಿ.ಇ.ಟಿ.ಯನ್ನು ಗೊತ್ತುಮಾಡಿತ್ತು. ಅದಕ್ಕೆ ಮೊದಲೇ ಕೆಲಸಕ್ಕೆ ಸೇರಿದವರ ಗತಿಯೇನು? 2025ರ ಸೆಪ್ಟೆಂಬರ್ 1ರಂದು ಸರ್ವೋಚ್ಚ ನ್ಯಾಯಾಲಯದ ಇಬ್ಬರು ನ್ಯಾಯಮೂರ್ತಿಗಳ ಪೀಠ ಇದಕ್ಕೆ ಉತ್ತರಿಸಿತು. ನಿವೃತ್ತಿಗೆ ಐದು ವರ್ಷಕ್ಕಿಂತ ಕಡಿಮೆ ಉಳಿದಿರುವವರು ಪರೀಕ್ಷೆಯಿಲ್ಲದೆ ಮುಂದುವರಿಯಬಹುದು, ಆದರೆ ಬಡ್ತಿಯಿಲ್ಲ. ಹೆಚ್ಚು ಉಳಿದಿರುವವರು ಎರಡು ವರ್ಷದೊಳಗೆ ತೇರ್ಗಡೆಯಾಗಬೇಕು. ಆಗದಿದ್ದರೆ ಸಲ್ಲಬೇಕಾದ ಸೌಲಭ್ಯಗಳೊಡನೆ ಕೆಲಸ ಬಿಡಬೇಕು.

ಮಗುವಿನ ಹಕ್ಕಿನ ವಾದವನ್ನು ಮೇಲೆ ಒಪ್ಪಿದವನು ನಾನು; ಇಲ್ಲಿಯೂ ಅದೇ ವಾದ ಮುಂದುವರಿದಿದೆ ಎಂಬುದು ನನಗೆ ತಿಳಿಯದೆ ಇಲ್ಲ. ಆದರೂ ನನ್ನ ಮನಸ್ಸು ಈ ತೀರ್ಪಿನ ಮುಂದೆ ತಡೆಯುತ್ತದೆ. ಇಪ್ಪತ್ತು ವರ್ಷ ಮಕ್ಕಳ ಉತ್ತರಪತ್ರಿಕೆ ತಿದ್ದಿದ ಮೇಷ್ಟರು, ಹಿಂದೆ ತಮ್ಮ ಕೈಯಲ್ಲೇ ಕಲಿತ ಹುಡುಗರ ಪಕ್ಕದ ಬೆಂಚಿನಲ್ಲಿ ಕುಳಿತು ಅದೇ ಪರೀಕ್ಷೆಯನ್ನು ಬರೆಯಬೇಕು. ಬರೆಯಬಾರದೆಂದು ನಾನು ಹೇಳಲಾರೆ. ಆದರೆ ಅವರೂ ಒಂದು ಕಾಲಕ್ಕೆ ಪ್ರಕಟಣೆಯನ್ನು ಓದಿ, ಅದರಲ್ಲಿ ಕೇಳಿದ ಎಲ್ಲವನ್ನೂ ಒದಗಿಸಿ, ಹೊಸಿಲನ್ನು ನೇರವಾಗಿಯೇ ದಾಟಿ ಒಳಗೆ ಬಂದವರು. ಅವರ ನೇಮಕದ ಆದೇಶದ ಜೊತೆಗೆ ಆ ಪ್ರಕಟಣೆಯ ಕತ್ತರಿಸಿದ ತುಂಡೂ ಎಷ್ಟೋ ಮನೆಗಳ ಟ್ರಂಕಿನಲ್ಲಿ ಇದ್ದೀತು. ಅದರಲ್ಲಿ ಟಿ.ಇ.ಟಿ. ಎಂಬ ಮೂರು ಅಕ್ಷರಗಳಿರಲಿಲ್ಲ.